ಮಮ್ಮಿ ಕಲಿಸಿದ ಬಟಾಟೆ ಪಲ್ಯ

ನಲವತ್ತು ದಾಟಿ ಮದುವೆಯಾದವಳ ಸಂಭ್ರಮ ಕೇಳಬೇಡಿ! ಇವತ್ತು ಇವರಿಗೆಂದು ಮೈಕ್ರೋವೇವಿನಲ್ಲಿ ಬಟಾಟೆ ಪಲ್ಯ ಇಟ್ಟೆ. ಬಿಸಿ ತೆಂಗಿನೆಣ್ಣೆಯ ಪರಿಮಳ ಬಂದದ್ದೇ ತಡ, ಕುಲಶೇಖರದ ತವರುಮನೆಯ ಏಳು ವರ್ಷದ ಹುಡುಗಿಯಾಗಿಬಿಟ್ಟೆ.

ಆಗ ಮಮ್ಮಿ ಕುವೈತಿನಲ್ಲಿ ನರ್ಸ್. ರಜೆಗೆ ಬರುವಾಗ ತಂದ ಮೈಕ್ರೋವೇವಿನಲ್ಲಿ, ವಾಪಸು ಹೊರಡುವ ದಿನ ನನಗೆ ಈ ಪಲ್ಯ ಕಲಿಸುತ್ತಿದ್ದಳು.

"ಇದು ಬೆಂದರೆ ಉಂಡು ಹೊರಡ್ತೇನೆ. ಇನ್ನು ಡ್ಯಾಡಿಗೆ ನೀನೇ ಮಾಡಿ ಕೊಡ್ಬೇಕು."

ನಾನು ಮತ್ತೆ ಮತ್ತೆ ಬಾಗಿಲು ತೆಗೆದು ಅದನ್ನು ನಿಲ್ಲಿಸಿದೆ.

"ಎಂತ ಮಾರಾಯ್ತಿ, ಹೀಗೆ ಮಾಡಿದ್ರೆ ಬೇಯುವುದುಂಟಾ?"

"ಬೇಯುವುದೇ ಬೇಡ."

ಅಷ್ಟರಲ್ಲಿ ಟ್ಯಾಕ್ಸಿಯ ಹಾರ್ನ್ ಕೇಳಿತು. ಮಮ್ಮಿ ಅರೆಬೆಂದ ಬಟಾಟೆಯನ್ನೇ ನಿಂತು ತಿಂದು, "ಫಸ್ಟ್ ಕ್ಲಾಸ್ ಆಗಿದೆ" ಎಂದು ಹೊರಟೇಬಿಟ್ಟಳು.

"ಕಣ್ಣಲ್ಲಿ ನೀರೆಂತ? ಮೆಣಸು ಹೆಚ್ಚಾಯ್ತಾ?" ಎಂದು ಈಗ ಅಡುಗೆಮನೆಗೆ ಬಂದ ಇವರು ಕೇಳಿದರು.

ಹೂಂ ಎಂದೆ. ಪಲ್ಯ ಪೂರ್ತಿ ಬೇಯುವವರೆಗೆ ಬಾಗಿಲು ತೆಗೆಯಲಿಲ್ಲ.