ಗೋಮಾಳಕ್ಕೊಬ್ಬರು ಅರ್ಜಿದಾರರು

ಪಹಣಿಯಲ್ಲಿ ಹೆಸರಿಲ್ಲದವರು ಜಮೀನಿನ ವಿಚಾರಕ್ಕೆ ಕೋರ್ಟಿಗೆ ಹೋಗಲು ಬರುವುದಿಲ್ಲವೆಂದು ನಮ್ಮೂರಿನಲ್ಲಿ ಎಲ್ಲರೂ ನಂಬಿದ್ದರು. ಹಾಗಾಗಿ ಸರ್ಕಾರ ನಮ್ಮ ಗೋಮಾಳವನ್ನು ಕಸದ ಘಟಕಕ್ಕೆ ಮಂಜೂರು ಮಾಡಿದಾಗ, ದೊಡ್ಡ ಪಹಣಿಯ ಮೂವರು ಯಜಮಾನರು ಕೊಪ್ಪದ ವಕೀಲರ ಬಳಿಗೆ ಹೊರಟರು. ಇಂಗ್ಲಿಷ್ ಓದಲೆಂದು ನನ್ನನ್ನು ಜೀಪಿಗೆ ಹತ್ತಿಸಿಕೊಂಡರು. ಹಿಂಡಿ ತರಬೇಕೆಂದು ಗಿರಿಜಕ್ಕ ತಾನೇ ಹತ್ತಿದಳು. ಆ ಗೋಮಾಳದಲ್ಲಿ ಮೇಯುವ ಎರಡು ದನಗಳ ಹಾಲನ್ನು ಡೇರಿಗೆ ಹಾಕಿಯೇ ಅವಳ ಬದುಕು ನಡೆಯುತ್ತಿತ್ತು.

ವಕೀಲರು ಕಾಗದ ನೋಡಿ, "ಗೋಮಾಳದಲ್ಲಿ ನಿಮ್ಮ ಒತ್ತುವರಿ ಏನಾದ್ರೂ ಇದೆಯಾ?" ಎಂದು ಕೇಳಿದರು.

ಮೂವರೂ ತಲೆಯೆತ್ತಿ ಫ್ಯಾನು ನೋಡಿದರು.

"ಸ್ವಲ್ಪ," ಎಂದರು ಸುಬ್ಬೇಗೌಡರು. "ಕಾಫಿ ಹಾಕಿದೀವಿ. ಸಕ್ರಮಕ್ಕೆ ಅರ್ಜಿನೂ ಕೊಟ್ಟಿದೀವಿ."

"ಅಂದ್ರೆ ಗೋಮಾಳ ನುಂಗಿದೀವಿ ಅಂತ ನೀವೇ ಬರ್ಕೊಟ್ಟಿದೀರಿ. ಈಗ ಉಳಿಸಿ ಅಂತ ಯಾವ ಬಾಯಲ್ಲಿ ಕೇಳ್ತೀರಿ? ಒತ್ತುವರಿ ಮಾಡದೇ ಇರೋರು ಊರಲ್ಲಿ ಯಾರೂ ಇಲ್ವಾ?"

"ನಂಗೆ ಮಾಡೋಕೆ ಜಾಗನೇ ಬಿಟ್ಟಿಲ್ಲ ಇವ್ರು," ಎಂದಳು ಬಾಗಿಲಲ್ಲಿ ನಿಂತಿದ್ದ ಗಿರಿಜಕ್ಕ. "ನನ್ ದನ ಇನ್ನೆಲ್ಲಿ ಮೇಯ್ಬೇಕು? ನಾನೇ ಹಾಕ್ಲಾ ಕೇಸು?"

"ಸುಮ್ನಿರು ಮಾರಾಯ್ತಿ," ಗೌಡರು ನಕ್ಕರು. "ಕ್ಯಾನು ಹಿಡ್ಕೊಂಡು ಹೋಗೋಕೆ ಕೋರ್ಟೇನು ಡೇರಿಯಾ? ಒಂದು ಗುಂಟೆ ಪಹಣಿ ಇಲ್ಲ ನಿಂಗೆ."

ನಾನೂ ನಕ್ಕೆ. ಓದಿದವನು ಅಷ್ಟಾದರೂ ಮಾಡಬೇಕಲ್ಲ. ವಕೀಲರು ಮಾತ್ರ ನಗದೆ ಅವಳಿಗೆ ಕುರ್ಚಿ ತೋರಿಸಿದರು.

ಮಂಜೂರಾತಿಗೆ ಹೈಕೋರ್ಟು ತಡೆಯಾಜ್ಞೆ ಕೊಟ್ಟದ್ದು ಗಿರಿಜಕ್ಕನ ಅರ್ಜಿಯ ಮೇಲೆ.