ಶಾಂತಾಬಾಯಿ ಟೀಚರ ಅಮಾನತು ಮತ್ತು ನಾನು ಕೇಳಿದ ಮೂರು ವಾಯಿದೆ

1999ರಲ್ಲಿ ನಾನು ಇಂದಿರಾನಗರದ ಒಂದು ನ್ಯಾಯಮಂಡಳಿಯಲ್ಲಿ ಸರ್ಕಾರಿ ವಕೀಲನಾಗಿದ್ದೆ. ಸರ್ಕಾರಿ ನೌಕರರ ತಕರಾರುಗಳು ಮೊದಲು ಬರುತ್ತಿದ್ದದ್ದು ಅಲ್ಲಿಗೆ. ಮನೆ ಹಲಸೂರಿನಲ್ಲಿ, ಬೆಳಿಗ್ಗೆ ಇಡ್ಲಿ ತಿಂದು ಫೈಲು ಹೊತ್ತು ನಡೆದೇ ಹೋಗುತ್ತಿದ್ದೆ. ದಿನಕ್ಕೆ ಮೂವತ್ತು ನಲವತ್ತು ಕೇಸು. ಅದರಲ್ಲಿ ಅಮಾನತಿನವು ನನಗೆ ಸಲೀಸು. ಅಮಾನತು ಶಿಕ್ಷೆಯಲ್ಲ, ವಿಚಾರಣೆ ಮುಗಿಯುವವರೆಗೆ ನೌಕರರನ್ನು ದೂರವಿಡುವ ಏರ್ಪಾಡು ಎಂದು ಕಾನೂನು ಹೇಳುತ್ತದೆ. ನೌಕರ ತಪ್ಪು ಮಾಡಿದ್ದಾನೋ ಇಲ್ಲವೋ ಎಂದು ನ್ಯಾಯಮಂಡಳಿ ನೋಡುವುದಿಲ್ಲ. ಅಧಿಕಾರಿ ತಲೆ ಉಪಯೋಗಿಸಿ ಆದೇಶ ಹೊರಡಿಸಿದ್ದಾರೆಯೇ ಎಂದಷ್ಟೇ ನೋಡುತ್ತದೆ.

ಆ ಸೆಪ್ಟೆಂಬರಿನಲ್ಲಿ ಶಾಂತಾಬಾಯಿ ಎಂಬವರ ಅರ್ಜಿ ಬಂತು. ರಾಯಚೂರಿನ ಕಡೆಯವರು, ಲಿಂಗರಾಜಪುರದಲ್ಲಿ ವಾಸ, ಮರ್ಫಿ ಟೌನ್ ಪಕ್ಕದ ಒಂದು ಸರ್ಕಾರಿ ಪ್ರಾಥಮಿಕ ಶಾಲೆಯ ಮುಖ್ಯೋಪಾಧ್ಯಾಯಿನಿ. ಶಾಲೆಯ ಸುತ್ತಲಿನ ಬಾಡಿಗೆ ಕೋಣೆಗಳಲ್ಲಿ ಅವರ ಸೀಮೆಯಿಂದ ಕೂಲಿಗೆ ಬಂದ ಕುಟುಂಬಗಳಿದ್ದವು. ತಾಯಿ ತಂದೆ ಆರಕ್ಕೇ ಕೆಲಸಕ್ಕೆ ಹೊರಟರೆ ಮಕ್ಕಳು ಮನೆಯಲ್ಲೇ ಉಳಿಯುತ್ತಿದ್ದರು. ಟೀಚರು ಪ್ರಾರ್ಥನೆ ಮುಗಿಸಿ, ಬಾಗಿಲು ಬಾಗಿಲು ತಟ್ಟಿ, ಅವರನ್ನು ಕೈಹಿಡಿದು ಕರೆತರುತ್ತಿದ್ದರು. ಹೊರಗೆ ಹೋಗುವ ಶಿಕ್ಷಕರು ಚಲನವಲನ ವಹಿಯಲ್ಲಿ ಬರೆದು ಹೋಗಬೇಕು. ದಿನಾ ಹೋಗುವವರು ದಿನಾ ಏನು ಬರೆಯುತ್ತಾರೆ? ಅವರು ಬರೆಯುವುದನ್ನೇ ಬಿಟ್ಟಿದ್ದರು.

ಆಗಸ್ಟಿನ ಒಂದು ದಿನ ಶಿಕ್ಷಣ ಇಲಾಖೆಯ ಉಪನಿರ್ದೇಶಕರು ಹೇಳದೆ ಕೇಳದೆ ತಪಾಸಣೆಗೆ ಬಂದರು. ಮುಖ್ಯೋಪಾಧ್ಯಾಯಿನಿ ಇಲ್ಲ, ವಹಿಯಲ್ಲಿ ಬರಹವಿಲ್ಲ. ಅಂದು ಸಂಜೆಯೇ ಅಮಾನತಿನ ಆದೇಶ ಹೊರಟಿತು.

ಅರ್ಜಿ ಬಂದರೆ ನಾವು ಇಲಾಖೆಗೆ ಬರೆದು, ಒಂದೊಂದು ಆರೋಪಕ್ಕೂ ಅವರ ಉತ್ತರ ತರಿಸಿಕೊಳ್ಳಬೇಕು. ಅದು ಬರುವವರೆಗೆ ವಾಯಿದೆ ಕೇಳುವುದು ವಾಡಿಕೆ. ಎದ್ದು ನಿಂತರೆ ಬಾಯಿ ತಾನಾಗಿ 'ನಾಲ್ಕು ವಾರ, ಸ್ವಾಮಿ' ಎನ್ನುತ್ತಿತ್ತು. ಸೆಪ್ಟೆಂಬರಿನಲ್ಲಿ ಒಮ್ಮೆ ಕೇಳಿದೆ, ಅಕ್ಟೋಬರಿನಲ್ಲಿ ಇನ್ನೊಮ್ಮೆ.

ಎರಡನೆಯ ಸಲ ಹೊರಬಂದಾಗ ಟೀಚರು ಮೊಗಸಾಲೆಯಲ್ಲಿ ನಿಂತಿದ್ದರು. ಎದುರು ಪಕ್ಷದ ವಕೀಲನ ಜೊತೆ ಕಕ್ಷಿದಾರರು ಮಾತಾಡಬಾರದು ಎಂಬುದು ಅವರಿಗೆ ಗೊತ್ತಿದ್ದಂತಿರಲಿಲ್ಲ.

"ಸರ್ರ, ನವೆಂಬರ್ ಮುವತ್ತಕ್ಕ ನನ್ನ ರಿಟೈರ್‌ಮೆಂಟ್ ಐತ್ರಿ. ಅಷ್ಟರಾಗ ಹೌದೋ ಅಲ್ಲೋ ಅಂತ ಒಂದು ಮಾತು ಹೇಳಿಸ್ರಿ. ತಪ್ಪು ಅಂದ್ರೂ ನಡೀತೈತಿ. ಹಿಂಗ ನಡುವ ನೇತಾಡಿಕೋತ ಮನೀಗೆ ಹೋಗಬಾರದು ನಾನು."

"ನಿಮ್ಮ ಲಾಯರ್ ಹತ್ರ ಹೇಳಿ ಅಮ್ಮ," ಎಂದು ಮೆಟ್ಟಿಲಿಳಿದೆ.

ನವೆಂಬರ್ ಮೊದಲ ವಾರ ಫೈಲು ಬಂತು. ಅದರಲ್ಲಿ ಉಪನಿರ್ದೇಶಕರು ಸ್ವಂತ ಕೈಯಲ್ಲಿ ಬರೆದ ತಪಾಸಣೆ ಟಿಪ್ಪಣಿಯಿತ್ತು: 'ಬೆಳಿಗ್ಗೆ ಹತ್ತು ಇಪ್ಪತ್ತಕ್ಕೆ ಮುಖ್ಯೋಪಾಧ್ಯಾಯಿನಿ ನಾಲ್ಕು ಮಕ್ಕಳೊಂದಿಗೆ ಗೇಟಿನಿಂದ ಒಳಬಂದರು.' ಅಮಾನತಿನ ಆದೇಶದಲ್ಲಿ ಈ ಸಾಲು ಇರಲಿಲ್ಲ. ಗೊತ್ತಿದ್ದ ಸಂಗತಿಯನ್ನು ಬಿಟ್ಟು ಹೊರಡಿಸಿದ ಆದೇಶ ನ್ಯಾಯಮಂಡಳಿಯ ಮುಂದೆ ಹತ್ತು ನಿಮಿಷವೂ ನಿಲ್ಲುವುದಿಲ್ಲ. ನಾನು ಉಪನಿರ್ದೇಶಕರಿಗೆ ಫೋನು ಮಾಡಿದೆ.

"ಸಾರ್, ಇದು ನಿಲ್ಲಲ್ಲ. ನೀವೇ ವಾಪಸ್ ತಗೊಂಡ್ಬಿಡಿ."

"ವಾಪಸ್ ತಗೊಂಡ್ರೆ ನನ್ನ ಮರ್ಯಾದೆ ಏನ್ರೀ? ಆಯಮ್ಮ ಮುವತ್ತಕ್ಕೆ ರಿಟೈರ್ ಆಗ್ತಾರೆ. ನೀವು ಇನ್ನೊಂದ್ಸಲ ಟೈಮ್ ತಗೊಳ್ಳಿ ಸಾಕು. ಹಾವೂ ಸಾಯಲ್ಲ, ಕೋಲೂ ಮುರಿಯಲ್ಲ."

ಆ ಟಿಪ್ಪಣಿಯನ್ನು ಪೀಠದ ಮುಂದಿಡುವುದು ನನ್ನ ಕರ್ತವ್ಯವಾಗಿತ್ತು. ಸರ್ಕಾರಿ ವಕೀಲ ಮೊದಲು ನ್ಯಾಯಾಲಯದ ಅಧಿಕಾರಿ, ಆಮೇಲೆ ಸರ್ಕಾರದ ಬಾಯಿ. ಹೀಗೆಂದು ಕಿರಿಯರಿಗೆ ಭಾಷಣ ಮಾಡಿದವನೂ ನಾನೇ. ಮರುವಾರ ಕೇಸು ಕೂಗಿದಾಗ ಎದ್ದು ನಿಂತು ಮೂರು ವಾರ ವಾಯಿದೆ ಕೇಳಿದೆ. ಟೀಚರ ವಕೀಲರು ನಿವೃತ್ತಿಯ ದಿನ ಹೇಳಿ ಆಕ್ಷೇಪಿಸಿದರು. ಪೀಠದಲ್ಲಿದ್ದವರು ಕನ್ನಡಕದ ಮೇಲಿಂದ ನನ್ನತ್ತ ನೋಡಿದರು.

"ಅವರಿಗೆ ನಷ್ಟವೇನೂ ಆಗೋದಿಲ್ಲ ಸ್ವಾಮಿ. ಆಮೇಲೆ ಇಲಾಖೆ ಎಲ್ಲಾ ಇತ್ಯರ್ಥ ಮಾಡುತ್ತೆ," ಎಂದೆ.

"ಇದು ಕೊನೆಯ ಅವಕಾಶ," ಎಂದರು. ಡಿಸೆಂಬರ್ ಎರಡಕ್ಕೆ ಬಿತ್ತು.

ಆಗ ಎದೆ ಹೊಡೆದುಕೊಂಡಿತು ಎಂದು ಬರೆದರೆ ಸುಳ್ಳಾದೀತು. ನನಗೆ ಏನೂ ಅನ್ನಿಸಲಿಲ್ಲ. ಮಧ್ಯಾಹ್ನ ಮೊಸರನ್ನ ತಿಂದೆ, ಮುಂದಿನ ಫೈಲು ತೆಗೆದೆ. ಕಾಲು ಜೋಮು ಹಿಡಿದರೆ ಅದು ನಮ್ಮದೇ ಕಾಲು ಎಂದು ಗೊತ್ತಿರುತ್ತದೆ, ಚಿವುಟಿದರೂ ನೋವಾಗುವುದಿಲ್ಲ. ನನ್ನ ಸ್ಥಿತಿ ಹಾಗಿತ್ತು.

ಡಿಸೆಂಬರ್ ಎರಡರಂದು, ಅರ್ಜಿದಾರರು ನಿವೃತ್ತರಾಗಿರುವುದರಿಂದ ಅಮಾನತಿನ ಪ್ರಶ್ನೆ ಉಳಿಯುವುದಿಲ್ಲ ಎಂದು ಅರ್ಜಿ ಮುಕ್ತಾಯವಾಯಿತು. ಎರಡೇ ಸಾಲಿನ ಆದೇಶ. ಹೊರಗೆ ಟೀಚರು ಕೇಳಿದರು, "ಹಂಗಾರ ನಾ ತಪ್ಪು ಮಾಡೀನೋ ಇಲ್ಲೋ ಸರ್ರ?"

"ಅದು ಈಗ ಪ್ರಶ್ನೆಯೇ ಅಲ್ಲಮ್ಮ," ಎಂದೆ. ಕಾನೂನಿನ ಪ್ರಕಾರ ಅದು ಸರಿಯಾದ ಉತ್ತರ. ಅವರು ತಲೆಯಾಡಿಸಿ, ಸೆರಗು ಹೊದ್ದು, ಬಸ್ ಸ್ಟಾಪಿನ ಕಡೆ ನಡೆದರು. ಆರು ತಿಂಗಳ ಮೇಲೆ ಇಲಾಖೆ ವಿಚಾರಣೆಯನ್ನೂ ಸದ್ದಿಲ್ಲದೆ ಕೈಬಿಟ್ಟಿತು. ಸಂಬಳ, ಪಿಂಚಣಿ ಎಲ್ಲವೂ ಬಂತಂತೆ. ನಾನು ಹೇಳಿದಂತೆಯೇ ನಷ್ಟವೇನೂ ಆಗಲಿಲ್ಲ.

ಕೆಲವು ವರ್ಷಗಳ ಮೇಲೆ ನನ್ನ ಮತಗಟ್ಟೆ ಅದೇ ಶಾಲೆಯಲ್ಲಿ ಬಿತ್ತು. ಸಾಲು ಮುಖ್ಯೋಪಾಧ್ಯಾಯರ ಕೋಣೆಯೊಳಗೆ ಸಾಗುತ್ತಿತ್ತು. ಗೋಡೆಯ ಮೇಲೆ ಎಲ್ಲ ಸರ್ಕಾರಿ ಶಾಲೆಗಳಲ್ಲಿ ಇರುವಂಥದೇ ಕಪ್ಪು ಹಲಗೆ, ಸೇವೆ ಸಲ್ಲಿಸಿದವರ ಹೆಸರು, 'ಇಂದ', 'ವರೆಗೆ'. ಉಳಿದವರ 'ವರೆಗೆ' ಕಾಲಮಿನಲ್ಲಿ ತಾರೀಖಿನ ಪಕ್ಕ 'ವರ್ಗಾವಣೆ' ಅಥವಾ 'ನಿವೃತ್ತಿ' ಎಂದಿತ್ತು. ಶಾಂತಾಬಾಯಿಯವರ ಹೆಸರಿನ ಮುಂದೆ ಆಗಸ್ಟಿನ ಆ ತಾರೀಖು, ಪಕ್ಕದಲ್ಲಿ ಬಿಳಿ ಬಣ್ಣದಲ್ಲಿ 'ಅಮಾನತು'.

ವೃತ್ತಿ ನನಗೆ ಕಲಿಸಿದ್ದು ಇಷ್ಟು: ನ್ಯಾಯಮಂಡಳಿ ತೀರ್ಪು ಕೊಡದೆ ಬಿಟ್ಟ ಕೇಸಿಗೂ ಯಾರೋ ಎಲ್ಲೋ ತೀರ್ಪು ಬರೆದೇ ಬರೆಯುತ್ತಾರೆ. ಅಲ್ಲಿ ಬರೆದವನು ಬೋರ್ಡಿನ ಪೇಂಟರು. ಬರೆಸಿದವನು ನಾನು.