ಕನಸಿನಿಂದ ಕರೆತಂದ ಮಾಯಕ್ಕ

ಅನಗೋಳದ ಮಾಯಕ್ಕನಿಗೆ ಹುಟ್ಟಿದಾಗಿನಿಂದ ಒಂದೂ ಕನಸು ಬಿದ್ದಿರಲಿಲ್ಲ. ಮಲಗಿದರೆ ಕೊರಡು, ಎದ್ದರೆ ಕೆಲಸ. ಇಂಥವಳಿಗೆ ೧೯೨೩ರಲ್ಲಿ ಕನಸಿನ ಸಾಲೆಯಲ್ಲೇ ಕೆಲಸ ಸಿಕ್ಕಿತೆಂದು ಕೇಳಿ ಓಣಿಗೆ ಓಣಿಯೇ ನಕ್ಕಿತು.

ಆ ಸಾಲೆ ಇದ್ದದ್ದು ಖಾನಾಪುರದಲ್ಲಿ, ಮಲಪ್ರಭೆಯ ದಂಡೆಯ ಹಳೆಯ ವಾಡೆಯೊಂದರಲ್ಲಿ. ಭೂಪಾಲ ಮಾಸ್ತರರು ಅದಕ್ಕೆ ಕಾಲ-ಸ್ವಪ್ನ ವಿದ್ಯಾಪೀಠ ಎಂದು ಹೆಸರಿಟ್ಟಿದ್ದರು. ಬೆಳಿಗ್ಗೆ ಕಾಲದ ಪಾಠ: ಉದುರಿದ ಹೂವನ್ನು ಮರಳಿ ಗಿಡಕ್ಕೆ ಹತ್ತಿಸಬೇಕು, ಉಕ್ಕುವ ಹಾಲನ್ನು ಉಕ್ಕುವ ಮೊದಲಿನ ಗಳಿಗೆಯಲ್ಲೇ ನಿಲ್ಲಿಸಬೇಕು. ಊಟವಾದ ಮೇಲೆ ಕನಸಿನ ಪಾಠ. ಇಪ್ಪತ್ತು ವಿದ್ಯಾರ್ಥಿಗಳು ಪಡಸಾಲೆಯಲ್ಲಿ ಸಾಲಾಗಿ ಗೊರಕೆ ಹೊಡೆಯುವುದನ್ನು ಕಿಟಕಿಯಿಂದ ನೋಡಿದ ಊರವರು, “ಇಂಥಾ ಸಾಲಿ ನಮ್ಮ ಕಾಲಕ್ಕ ಇರಲಿಲ್ಲ ನೋಡ್ರಿ” ಎಂದು ಮರುಗುತ್ತಿದ್ದರು.

ಮಾಯಕ್ಕ ಅವರಿಗೆಲ್ಲ ಕೌದಿ ಹೊಲಿದುಕೊಡುತ್ತಿದ್ದಳು. ಹಳೆಯ ಸೀರೆಯ ಕೌದಿಯನ್ನೇ ಹೊದೆಯಬೇಕು, ಹೊಸ ಬಟ್ಟೆಗೆ ಕನಸು ಹತ್ತುವುದಿಲ್ಲ ಎಂದು ಮಾಸ್ತರರ ಕಟ್ಟಪ್ಪಣೆ.

ಎರಡು ವರ್ಷ ಹೀಗೇ ಕಳೆಯಿತು. ಒಂದು ಮಧ್ಯಾಹ್ನ ರತ್ನಮಾಲಾ ಏಳಲಿಲ್ಲ. ಬೆಳಗಾವಿಯ ಖಾಸಬಾಗದಿಂದ ಬಂದಿದ್ದ ಈ ಹುಡುಗಿ ಸಾಲೆಯಲ್ಲೇ ಜಾಣೆ. ಗಂಟೆ ಬಾರಿಸಿದರು, ನೀರು ಚಿಮುಕಿಸಿದರು, ಏನೂ ಆಗಲಿಲ್ಲ. ಮರುದಿನ ಮಾಸ್ತರರು ಅವಳ ಕೈ ಹಿಡಿದು, ಕಣ್ಣು ಮುಚ್ಚಿ, ಕರೆತರುತ್ತೇನೆಂದು ಅವಳ ಕನಸಿಗೆ ಇಳಿದರು. ಅವರೂ ಬರಲಿಲ್ಲ. ಮುಖದ ಮೇಲೆ ನಗೆ ಬೇರೆ!

“ನಾ ಹೋಗ್ತೀನಿ” ಎಂದಳು ಮಾಯಕ್ಕ.

“ನಿನಗ ಕನಸ ಬೀಳೂದಿಲ್ಲಲ್ಲ, ಮಾಯಕ್ಕಾ?” ಎಂದಳು ಹಿರಿಯ ವಿದ್ಯಾರ್ಥಿನಿ ಕಾಂತಾ.

“ಮಂದಿ ಮನಿಗೆ ಹೋಗಾಕ ನಮಗ ಸ್ವಂತ ಮನಿ ಇರಬೇಕೇನು?” ಎನ್ನುತ್ತ ಮಾಯಕ್ಕ ರತ್ನಮಾಲಾಳ ಕೌದಿಯೊಳಗೆ ನುಸುಳಿ ಅವಳ ಕೈ ಹಿಡಿದಳು.

ಕಣ್ಣು ಬಿಟ್ಟಾಗ ಬಿಸಿಲು ತುಂಬಿದ ಅಂಗಳ. ಮಾಸ್ತರರು ರುಮಾಲು ಬಿಚ್ಚಿಟ್ಟು, ಕೋಲು ಹಿಡಿದು ಒಬ್ಬರೇ ಹುಡುಗರಂತೆ ಚಿಣಿಫಣಿ, ಅದೇ ಚಿನ್ನಿದಾಂಡು, ಆಡುತ್ತಿದ್ದರು. ಇವರನ್ನು ಆಮೇಲೆ ನೋಡಿಕೊಂಡರಾಯಿತು ಎಂದು ಅವಳು ಮುಂದೆ ನಡೆದಳು. ಕಟ್ಟೆಯ ಮೇಲೆ ರತ್ನಮಾಲಾ ಕೂತಿದ್ದಳು. ಅವಳ ಬೆನ್ನ ಹಿಂದೆ ಕೂತು, ಹೋದ ದೀಪಾವಳಿಯಲ್ಲಿ ತೀರಿಕೊಂಡಿದ್ದ ಅವಳ ಅಜ್ಜಿ ಸೋನಾಬಾಯಿ ಹೆರಳು ಹಾಕುತ್ತಿದ್ದಳು. ಹೆರಳು ಕಟ್ಟೆ ಇಳಿದು ಅಂಗಳದ ತುಂಬ ಸುತ್ತಿಕೊಂಡಿತ್ತು.

“ಏಳವಾ, ಹೋಗೂಣು.”

“ಹೆರಳು ಮುಗೀಲಿ, ಬರ್ತೀನಿ” ಎಂದಳು ಹುಡುಗಿ, ತಿರುಗಿಯೂ ನೋಡದೆ.

ಅದು ಮುಗಿಯುವ ಹೆರಳಲ್ಲ ಎಂದು ಮಾಯಕ್ಕನಿಗೆ ತಿಳಿಯಿತು. ಹುಡುಗಿಯನ್ನು ಬಿಟ್ಟು ಅಜ್ಜಿಯ ಬಾಜು ಕೂತಳು.

“ಆಯಿ, ಎರಡು ದಿನ ಆತ್ರೀ, ಹುಡುಗಿ ಹೊಟ್ಟಿಗೆ ಹನಿ ನೀರಿಲ್ಲ. ಅಲ್ಲೆ ಆಕಿ ತುಟಿ ಒಣಗ್ಯಾವು. ನಿಮ್ಮನ್ನ ಬಿಟ್ಟು ಆಕಿ ಏಳಂಗಿಲ್ಲ. ನೀವ ಕಳಸಬೇಕ್ರಿ.”

ಅಜ್ಜಿಯ ಕೈ ನಿಂತಿತು. “ಖರೇ ಏನವಾ? ಯಾರೂ ನನಗ ಹೇಳಲೇ ಇಲ್ಲಲ್ಲ!” ಎಂದವಳೇ ಹೆರಳಿಗೆ ಗಂಟು ಹಾಕಿ, ಮೊಮ್ಮಗಳ ತಲೆ ಸವರಿದಳು. “ಹೋಗ್ ಬಾ ನನ್ನವ್ವಾ. ಮೊದಲ ಉಣ್ಣು.”

ರತ್ನಮಾಲಾ ಅಳುತ್ತಲೇ ಎದ್ದಳು, ಅಳುತ್ತಲೇ ಎರಡು ಬಟ್ಟಲು ಗಂಜಿ ಕುಡಿದಳು. ಮಾಯಕ್ಕ ಕನಸಿನಲ್ಲೇ ಕೋಲು ಕಸಿದುಕೊಂಡಿದ್ದರಿಂದ ಮಾಸ್ತರರೂ ಎದ್ದು ರುಮಾಲು ತಡಕಾಡಿದರು.

“ನಮಗ್ಯಾರಿಗೂ ಆಗದ್ದು ನಿನಗ ಹೆಂಗ ಆತು?” ಎಂದು ಕೇಳಿದರು.

“ಕರಕೊಂಡು ಬರಾಕ ಹೋಗಿದ್ದೆ, ಕರಕೊಂಡು ಬಂದೆ. ಆದರ ಛಂದ ಇತ್ತು ಬಿಡ್ರಿ ಆ ಅಂಗಳ” ಎನ್ನುತ್ತ ಮಾಯಕ್ಕ ಕೌದಿ ಮಡಚಿಟ್ಟಳು.

ಮರುವಾರವೇ ಅವಳು ಮಾಸ್ತರಿಣಿಯಾದಳು. ಕನಸಿನಿಂದ ಎದ್ದು ಬರುವ ವಿದ್ಯೆಯನ್ನು ಕಲಿಸುವುದು ಅವಳ ಪಾಲಿಗೆ ಬಂತು. ಅವಳ ಪರೀಕ್ಷೆ ಬಲು ಕಠಿಣ. ಖಾನಾಪುರದ ಯಾವುದಾದರೂ ಮನೆಗೆ ಹೋಗಿ, ಚಹಾ ಕುಡಿದು, ಯಾರ ಮನಸ್ಸೂ ನೋಯದಂತೆ ಅರ್ಧ ತಾಸಿನಲ್ಲಿ ಎದ್ದು ಬರಬೇಕು. “ಕುಂದರ್ರಿ, ಊಟ ಮಾಡಿ ಹೋಗ್ರಿ” ಎನ್ನುವವರ ಕೈಯಿಂದ ಪಾರಾಗುವುದೆಂದರೆ ಹುಡುಗಾಟವೇ? ಮೊದಲ ವರ್ಷ ಇಪ್ಪತ್ತರಲ್ಲಿ ಪಾಸಾದವರು ಮೂವರು. ಉಳಿದವರೆಲ್ಲ ಹೊಟ್ಟೆ ತುಂಬಿಸಿಕೊಂಡು, ಸಂಜೆಯ ಹೊತ್ತಿಗೆ ತಲೆ ತಗ್ಗಿಸಿ ಬಂದರು.